ಮೂವತ್ತೊಂದನೆಯ ಮಾರು

ಬಚ್ಚ ಮಾವ ಹಗ್ಗಕ್ಕೆ ಕಬ್ಬಿಣದ ಗುಂಡು ಕಟ್ಟಿ
ದೋಣಿಯಿಂದ ಇಳಿಬಿಟ್ಟು ಮಾರು ಅಳೆಯುತ್ತಿದ್ದ.
ಹನ್ನೆರಡು, ಹದಿನೈದು, ಮೂವತ್ತು.
ಅಲ್ಲಿಗೆ ಹಗ್ಗ ಮುಗಿಯುತ್ತಿತ್ತು.
“ಇದ್ರ ಅಡಿ ಕಂಡವ ಯಾರೂ ಇಲ್ಲ ಮಾರಾಯಾ.”

ನಾನು ಅದರ ಮೇಲೆ ಒಲೆ ಹೂಡಿದ್ದೇನೆ.

ಸಮಾಯಿಲ್ ಊರಾಚೆ ಕಲ್ಲು ಕೊರೆಯುವವರ ಬಿಡಾರ,
ಇಪ್ಪತ್ತೆರಡು ಹೊಟ್ಟೆ.
ಬೆಳಗಾದರೆ ಯಂತ್ರ ನೆಲಕ್ಕೆ ಬಾಯಿ ಹಾಕಿ
ತೋಳುದ್ದ ತೋಳುದ್ದ ಕಲ್ಲು ಕಕ್ಕುತ್ತದೆ.
ಪೆಟ್ಟಿಗೆಯಲ್ಲಿ ಸಾಲಾಗಿ ಮಲಗಿಸಿ
ನೀರು ಚಿಮುಕಿಸಿದರೆ ಹಾವಿನ ಬೆನ್ನು:
ಕಪ್ಪುಹಸಿರು, ನಡುವೆ ಹಾಲು ಚೆಲ್ಲಿದ ಗೆರೆ.
ಇಂಜಿನಿಯರಮ್ಮ ಚಹಾ ಊದುತ್ತ ಹೇಳಿದಳು,
ಇದು ಕಡಲ ತಳ. ತಳದ ತಳ.
ಎರಡು ನೆಲ ಒತ್ತಿಕೊಂಡಾಗ
ಅಡಿಗೆ ಹೋಗಬೇಕಿದ್ದದ್ದು
ದಾರಿ ತಪ್ಪಿ ಮೇಲೆ ಹತ್ತಿತು.
ಒಂಬತ್ತೂವರೆ ಕೋಟಿ ವರ್ಷ.
ವೇಗ? ಉಗುರು ಬೆಳೆಯುವಷ್ಟು.

ಆ ರಾತ್ರಿ ಉಗುರು ಕತ್ತರಿಸಲು ಕೂತವನಿಗೆ ಕೈ ತಡೆಯಿತು.

ಸಂಜೆ ಪಾತ್ರೆ ಹೊತ್ತು ವಾದಿಗೆ ಇಳಿಯುತ್ತೇನೆ.
ವಾದಿ ಎಂದರೆ ಇಲ್ಲಿ ಒಣಹೊಳೆ;
ಹತ್ತು ಹೆಜ್ಜೆ ನೀರು, ಆಮೇಲೆ ಬರೀ ಉರುಟುಕಲ್ಲು,
ದೂರದಲ್ಲಿ ಮತ್ತೊಂದು ಗುಂಡಿ.
ಕಿರುಬೆರಳುದ್ದದ ಮೀನು ಬಂದು
ಹಿಮ್ಮಡಿಯ ಬಿರುಕು ಕಚ್ಚುತ್ತವೆ,
ಒಂದು ಅಗುಳಿಗೆ ಊರೇ ಜಗಳ.
ಬಲೆಯ ಮನೆಯವನು ನಾನು,
ಆದರೂ ಹಿಡಿಯಲು ಮನಸ್ಸಾಗಲಿಲ್ಲ.
ಬೆಟ್ಟ ಎದ್ದು ಹೊಳೆ ತುಂಡಾದ ಮೇಲೆ
ಈ ಗುಂಡಿಗೂ ಆ ಗುಂಡಿಗೂ ನೆಂಟಸ್ತಿಕೆ
ನೆರೆ ಬಂದ ದಿನ ಮಾತ್ರ.

ಕಾವಲಿನ ಖಲ್ಫಾನ್ ಹಮ್ರಾ ಕಡೆಯವನು.
ಅಲ್ಲಿಯ ಬೆಟ್ಟ ಸುಣ್ಣಕಲ್ಲು, ನೀರು ತಿಂದು ತಿಂದು ಒಳಗೆ ಟೊಳ್ಳು.
ಗವಿಯ ಕೆರೆಯಲ್ಲೂ ಇದೇ ಮೀನು,
ಕಣ್ಣಿಲ್ಲ.
ಮರಿಗಿರುತ್ತದೆ, ಎಂದ, ಸಾಸಿವೆಯಷ್ಟು.
ಬೆಳೆಯುತ್ತ ಬೆಳೆಯುತ್ತ ಚರ್ಮ ಮುಚ್ಚುತ್ತದೆ.
“ಅಲ್ಲಿ ಅದಕ್ಕೇನು ಕೆಲಸ?” ಎಂದು
ಟಾರ್ಚ್ ಆರಿಸಿಬಿಟ್ಟ.

ನಮ್ಮಿಬ್ಬರ ಉಸಿರು. ಆಚೆ ಅರೆಯ ಮೇಲೆ
ಗೊರಸಿನ ಸದ್ದು, ಒಮ್ಮೆ.
ತಹರ್, ಪಿಸುಗುಟ್ಟಿದ ಖಲ್ಫಾನ್,
ನಿಲ್ಲಲು ಜಾಗವಿಲ್ಲದಲ್ಲಿ ನಿಲ್ಲುವ ಕಾಡಾಡು.
ಕಾಣಲಿಲ್ಲ.
ಕಡಲ ತಳದ ಒಂದು ಚೂರು ಮಾತ್ರ
ಟಕ ಟಕ ಉರುಳಿ
ತೊಳೆದಿಟ್ಟ ಬೋಗುಣಿಗೆ ಬಿತ್ತು.

ಮರುದಿನ ಯಾರೂ ಇಲ್ಲದಾಗ
ಪೆಟ್ಟಿಗೆಗಳ ಪಕ್ಕ ಎರಡೂ ಕೈ ಚಾಚಿ ಅಳೆದೆ.
ಒಂದು ಮಾರು. ಎರಡು. ಹದಿನೈದು.
ಮೂವತ್ತು ದಾಟಿ
ಮೂವತ್ತೊಂದಕ್ಕೆ ಕೈ ಚಾಚಿದಾಗ
ಬೇಳೆ ಸೀದ ವಾಸನೆ.