ತೆಗೆದುಹಾಕಿದ್ದು

ದುರ್ಗದಬೈಲಿನ ಭಾಂಡೆ ಅಂಗಡಿ ಮ್ಯಾಲೆ ನನ್ನ ಸ್ಟುಡಿಯೋ.
ಗ್ವಾಡಿ ತುಂಬ ತತ್ತಿ ಟ್ರೇ,
ತುಳಜಾ ಬಾಕಳೆ ತಮ್ಮ ಸಾವಜಿ ಖಾನಾವಳಿಯಿಂದ
ಸೈಕಲ್ ಮ್ಯಾಲೆ ಹೇರಿಕೊಂಡು ತಂದವು.
ಫ್ಯಾನ್ ಬಂದ್ ಮಾಡಿ ಹಾಡಬೇಕು.
ಕೆಳಗ ಕೊಡದ ಮ್ಯಾಲೆ ಹೆಸರು ಕೊರಿಯೋ ಟಕಟಕ
ನಿಲ್ಲೋತನಕ ಕಾಯಬೇಕು.
ಕಾಯತಿದ್ದಳು ಆಕಿ, ಮೈಕಿನ ಮುಂದ ಬೆವತು,
ಗದಗ ಗಾಡಿ ಕೂಗಿ ಹೋಗೋತನಕ.

ಆಮ್ಯಾಲೆ ಹಾಡು ಓಡಿತು.
ಆಟೋದಾಗ, ಜಿಮ್ಮಿನಾಗ, ವರಾತದ ಡಿಜೆದಾಗ.
ತುಳಜಾ ಹೋಗಿ ತುಲಿ ಆದಳು, ಪೋಸ್ಟರಿನ ಮ್ಯಾಲೆ ಮಿಂಚು ಹಚ್ಚಿದರು.
ನನ್ನ ಕೆಲಸ ಸಣ್ಣದು:
ಸಾಲು ಮುಗಿದ ಕೂಡಲೆ ಆಕಿ ಎಳಕೊಳ್ಳೋ ಉಸಿರು
ಹುಡುಕಿ ಹುಡುಕಿ ಕತ್ತರಿಸೋದು.
ಹಾಡವರೂ ಉಸಿರಾಡತಾರ ಅನ್ನೋದು
ಕೇಳವರಿಗೆ ಗೊತ್ತಾಗಬಾರದು.

ಹೋಗೋ ಮುಂದ ಹೇಳಿದಳು,
"ಮಾಮಾ, ನನ್ನ ದನಿ ನನ್ನ ಬಿಟ್ಟು ಮುಂದ ಓಡೈತಿ.
ಅದರ ಬೆನ್ನಹತ್ತಿ ಸಾಕಾಗೈತಿ."

ಲಿಸ್ಬನ್ ಅಂತ ಊರು. ಅಲ್ಲೊಂದು ಸೀರಿಯಲ್ಲು.
ಹೋಟೆಲ್ಲಿನ ಅಡಗಿಮನಿಯಾಗ ದುಡಿಯೋ ಹೆಂಗಸು,
ಆರು ಕಂತಿಗೆ ಮಾತು ಹನ್ನೊಂದು.
"ಅಂಥಾ ಕಂಠ ಇಟಗೊಂಡು!" ಅಂತ
ಬ್ಯಾಂಡಿನವರು ನನ್ನ ಬೈತಾರ, ನಾನೇ ಟಿಕೆಟ್ ತಗಿಸಿದಂಗ.

ಖಾನಾವಳಿಯಾಗ ಅವರಪ್ಪ ಪರಶುರಾಮಸಾ
ಗಲ್ಲಾದ ಮ್ಯಾಲೆ ಫೋನು ಎಣ್ಣಿ ಡಬ್ಬಿಗೆ ಆನಿಸಿ ನೋಡತಿದ್ದ.
ಗಿರಾಕಿ ಖೀಮಾ ಉಂಡಿ ಎರಡ ಸರೆ ಕೇಳಿದರೂ ಏಳಲಿಲ್ಲ.
ಪರದೆದಾಗ ಮಗಳು
ಸೌಟು ಬೋಗಾಣಿ ಅಂಚಿಗೆ ಒಮ್ಮೆ ಬಡದು ಸಾರು ಬಡಿಸಿದಳು.
"ಇದರಾಗ ಆಕ್ಟಿಂಗ್ ಏನೈತಿ?
ಇದು ನಮ್ಮವ್ವನ ಕೈ," ಅಂದ.
ಬಿಲ್ಲಿನಾಗ ಉಂಡಿ ಹಿಡಿಯೋದ ಮರೆತ.

ನಾನೂ ನೋಡಿದೆ. ಸ್ಟುಡಿಯೋದಾಗ, ಹೆಡ್‌ಫೋನ್ ಹಾಕಿ,
ಫ್ಯಾನ್ ಬಂದ್ ಮಾಡಿ. ರೂಢಿ.
ಭಾಷೆ ತಿಳೀಲಿಲ್ಲ.
ನಾಲ್ಕನೆ ಕಂತಿನಾಗ ಯಾರೋ ಒಂದು ಪತ್ರ ಕೊಟ್ಟರು.
ಆಕಿ ಕೈ ಒರಸಿಕೊಂಡಳು, ಹಿಡಿದಳು, ಓದಲಿಲ್ಲ.
ಮೂಗಿನಿಂದ ಅರ್ಧ, ಬಾಯಿಂದ ಅರ್ಧ,
ನಡುವ ಒಂದು ಸಣ್ಣ ಮುಗ್ಗರಿಕೆ.
ಕ್ಯಾಮೆರಾ ಅಲುಗಲಿಲ್ಲ.
ಹಿಂದ ಸಂಗೀತನೂ ಹಾಕಿಲ್ಲ ಅವರು.

ಆ ಮುಗ್ಗರಿಕೆ ನನಗ ಗೊತ್ತು.
ಐದು ವರ್ಷ ಅದನ್ನ ಅಳಿಸಿ ಪಗಾರ ತಗೊಂಡಾಂವ ನಾನು.

ಹಳೇ ಡಿಸ್ಕ್ ತಗದು ಕುಂತೆ ಆ ರಾತ್ರಿ.
ಹಾಡು ಎಲ್ಲಾ ಅದಾವ, ಗಾಜಿನಂಗ.
ಅದರೊಳಗ ಯಾರೂ ಇಲ್ಲ.
ಮೊದಲ ದಿನದ ಕಚ್ಚಾ ಟೇಕ್ ಒಂದು, ಅಳಸೋದ ಮರೆತದ್ದು,
ಮೂಲ್ಯಾಗ ಸಿಕ್ಕಿತು:
ಯಾರದೋ ಲಗ್ನದ ಕೊಡ, ಯಾರದೋ ಹೆಸರು, ಟಕಟಕ.
ಅದು ನಿಲ್ಲತೈತಿ.
"ಈಗ ಹಾಡಲೇನ್ ಮಾಮಾ?"
ಆಮ್ಯಾಲೆ ಎದಿ ತುಂಬ ಎಳಕೊಂತಾಳ.

ಅಲ್ಲಿಗೇ ಬಂದ್ ಮಾಡಿದೆ.
ಫ್ಯಾನ್ ಹಾಕಿದೆ.