ಹದಿನಾಲ್ಕನೇ ನಿಮಿಷ

ಅಬ್ರಾರನ ಸೋದರಳಿಯ ದುಬೈಯಿಂದ ತಂದದ್ದು
ಅಂಗೈಯಷ್ಟು ಡಬ್ಬಿ, ಕಿವಿ ಪೂರಾ ಮುಚ್ಚುವ ಹೆಡ್‌ಫೋನು.
‘ಇದ್ರಾಗ ಒಂದ್ ದನಿನೂ ಸೋರಲ್ಲ ಕಾಕಾ,’ ಅಂದ.
ಬಿದರಿ ಕಾರ್ಖಾನೆಯ ಮುರುಕು ಸ್ಟೂಲಿನ ಮೇಲೆ
ಕೂತು ಕಣ್ಣು ಮುಚ್ಚಿದೆ.

ಹಳೇ ಪರಿಚಯದ ಹಾಡು. ಹಾಡು ಅನ್ನಬಹುದೋ ಇಲ್ಲವೋ:
ಯಾವುದೋ ಥಂಡಿ ದೇಶದ ನಾಲ್ಕು ಮಂದಿ
ಗಿಟಾರನ್ನು ತಗಡಿನಂತೆ ಗೀರಿ,
ಟೇಪು ಕತ್ತರಿಸಿ, ತಿರುವಿ ಹಚ್ಚಿ,
ಒಂದು ಬದಿ ಪೂರ್ತಿ ಒಂದೇ ಉಸಿರಿಗೆ ಬಾರಿಸಿದ್ದು.
ಎಂಬತ್ತೇಳರಲ್ಲಿ ಅಬ್ರಾರ್ ಕೊಟ್ಟ ಕ್ಯಾಸೆಟ್ಟಿನಲ್ಲಿ
ಎಲ್ಲವೂ ಮಣ್ಣು ಮೆತ್ತಿದ ಹಾಗೆ ಕೇಳುತ್ತಿತ್ತು.
ಪೆನ್ಸಿಲ್ ತೂರಿಸಿ ಸುತ್ತಿ ಸುತ್ತಿ
ಉಸ್ಮಾನ್‌ಗಂಜಿನ ಬಾಡಿಗೆ ಖೋಲಿಯಲ್ಲಿ
ಪಾಲಿಟೆಕ್ನಿಕ್ಕಿನ ಎರಡು ವರ್ಷ ಕಳೆದೆ.

ಈಗ
ಡ್ರಮ್ಮಿನವನು ಕೋಲೆತ್ತುವ ಮೊದಲು
ಮೂಗಿನಿಂದ ಎಳೆದ ಉಸಿರು.
ಎಡಗಡೆ, ತುಸು ಹಿಂದೆ, ಕುರ್ಚಿಯೊಂದು ನರಳಿತು.
ಆಮೇಲೆ ನಿಶ್ಶಬ್ದ. ಎಂಥದ್ದೆಂದರೆ,
ಕೋಟೆಯ ಮಣ್ಣು ಕುದಿಸಿದ ನೀರಿನಲ್ಲಿ
ಮಂಕು ಹೂಜಿ ಅದ್ದಿ ತೆಗೆದಾಗ
ಸತುವೆಲ್ಲ ಕಪ್ಪಾಗಿ, ಅಲ್ಲಿತನಕ ಕಾಣದ ಬೆಳ್ಳಿ ಎಳೆ
ಫಕ್ಕನೆ ಎದ್ದು ನಿಲ್ಲುತ್ತದಲ್ಲ,
ಅಷ್ಟು ಕಪ್ಪು.

ಹದಿನಾಲ್ಕನೇ ನಿಮಿಷಕ್ಕೆ ಕಾದೆ.
ಅಲ್ಲಿ ವಿಮಾನ ಬರಬೇಕು.
ದೂರದಿಂದ ಗುಂಯ್‌ಗುಟ್ಟುತ್ತ ಬಂದು, ನೆತ್ತಿಯ ಮೇಲೆ ಗುಡುಗಿ,
ಅದರ ಬಾಲ ಹಿಡಿದು ಟಕ್ ಟಕ್ ಟಕ್,
ತಾಳ ತಪ್ಪಿದ ಒಂದು ಸಣ್ಣ ಸುತ್ತಿಗೆ.
ಹಾಡಿನೊಳಗೆ ವಿಮಾನ ಇಳಿಸಿದ ಆ ಮಂದಿಯ ಧೈರ್ಯವನ್ನು
ಎಷ್ಟು ಜನಕ್ಕೆ ಹೇಳಿಲ್ಲ ನಾನು!
ಹೆಂಡತಿಗೆ, ಮದುವೆಯಾದ ವಾರವೇ.

ಬರಲಿಲ್ಲ.
ಬಂದದ್ದು ಒಂಟಿ ಗಿಟಾರು, ತೆಳ್ಳಗೆ,
ಇಷ್ಟು ವರ್ಷ ಆ ಗುಡುಗಿನ ಕೆಳಗೆ ಮುದುಡಿ ಕೂತದ್ದು.

ಹೆಡ್‌ಫೋನು ಸರಿಸಿ ಕೇಳಿದೆ. ಅಬ್ರಾರ್ ನಕ್ಕು ನಕ್ಕು
ಉಳಿ ಕೆಳಗಿಟ್ಟ.
‘ಏ ಹುಚ್ಚಾ, ಅದು ನಮ್ಮೂರಂದೇ ವಿಮಾನ!
ಅಣ್ಣ ಹೈದ್ರಾಬಾದಿಂದ ಒಂದ್ ದಿನಕ್ಕಂತ ರೆಕಾರ್ಡ್ ತಂದಿದ್ದ.
ಸ್ಪೀಕರ್ ಮುಂದ ಟೇಪ್ ಇಟ್ಟು ಇದೇ ಖೋಲ್ಯಾಗ ತುಂಬಿದ್ವಿ.
ಮ್ಯಾಲ ಏರ್‌ಫೋರ್ಸ್ ಹುಡುಗ್ರು ಹಾರಿಸ್ಲತ್ತಿದ್ರು.
ಅಬ್ಬಾಗ ಕೆಲ್ಸ ಬಂದ್ ಮಾಡು ಅಂದ್ರ ಕೇಳಲೇ ಇಲ್ಲ.’

ಅಂದರೆ ಆ ಟಕ್ ಟಕ್ ಅವರಪ್ಪ.
ತೀರಿಕೊಂಡು ಹತ್ತೊಂಬತ್ತು ವರ್ಷ.
ನಾನು ಊರೆಲ್ಲ ಹಂಚಿದ ಹೊಗಳಿಕೆ
ಈಗ ಯಾರ ಲೆಕ್ಕಕ್ಕೆ ಬರೆಯಲಿ?

ಅಬ್ರಾರ್ ತಾನೂ ಹಾಕಿಕೊಂಡ.
ಆ ಜಾಗ ಬಂದಿರಬೇಕು, ನಗು ನಿಂತಿತು.
‘ಏನೂ ಇಲ್ಲ ಇಲ್ಲಿ,’ ಅಂದ, ತುಸು ಜೋರಾಗಿ,
ಕಿವಿ ಮುಚ್ಚಿಕೊಂಡವರು ಮಾತಾಡುವ ಹಾಗೆ.
ಅಳಿಯ ‘ಮಾಮು, ಕೈ ಒರಸ್ಕೋ’ ಅನ್ನುತ್ತಲೇ ಇದ್ದ.
ಬಿಳಿ ಮೆತ್ತೆಯ ಮೇಲೆ ಆಗಲೇ ಮೂಡಿದ್ದವು
ಎರಡು ಕಪ್ಪು ಬೆರಳು.