ಸೈಡು

"ಸೈಡಿಗ್ ಹೋಗಮ್ಮಾ" ಅಂದ ಆಟೋದವನು,
ಅಶೋಕ ರಸ್ತೆ ಗೇಟಿನ ಹತ್ತಿರ.
ಹೋಗುತ್ತಿದ್ದದ್ದು ಸೈಡಿನಲ್ಲೇ.
ಅದರಾಚೆ ಇದ್ದದ್ದು ಚರಂಡಿ,
ಚಪ್ಪಡಿ ಒಡೆದ ಚರಂಡಿ,
ಬಾಯಿಗೆ ಯಾರೋ ಪುಣ್ಯಾತ್ಮರು
ಎಚ್ಚರಿಕೆಗೆಂದು ಸಿಕ್ಕಿಸಿದ ಬೇವಿನ ಟೊಂಗೆ.

ನಾನು ಪ್ರೆಸ್ಸಿನವಳು. ಮಂಡಿಪೇಟೆಯ ಹಿಂದಿನ ಓಣಿಯಲ್ಲಿ
ಲಗ್ನಪತ್ರಿಕೆ, ಗೃಹಪ್ರವೇಶ, ಶಿವಗಣಾರಾಧನೆ,
ಎಲ್ಲದರ ತಪ್ಪು ತಿದ್ದುತ್ತೇನೆ.
ಸುತ್ತ ಅರ್ಧ ಇಂಚು ಬಿಡಬೇಕು ಅನ್ನುತ್ತಾರೆ
ಕಟಿಂಗ್ ಮಶೀನಿನ ಚಮನ್‌ಸಾಬರು.
ಬಿಡದೆ ಒಮ್ಮೆ
ಹುಡುಗಿಯ ಸೋದರಮಾವನ ಹೆಸರೇ ಹಾರಿಹೋಯಿತು.
ನಾನೂರು ಕಾರ್ಡು.
ಮಾವ ಬಂದು ಮಾತಾಡದೆ ಬಾಗಿಲಲ್ಲಿ ಕೂತಿದ್ದ.

ರಸ್ತೆಗೂ ಯಾರೋ
ಅರ್ಧ ಇಂಚು ಬಿಡುವುದು ಮರೆತಿದ್ದಾರೆ.

ಅಪ್ಪನ ಸೈಕಲ್ಲಿಗೆ ಬಿಲ್ಲೆ ಇತ್ತು,
ಮುನಿಸಿಪಾಲಿಟಿಯದು, ತಗಡಿನದು, ವರ್ಷಕ್ಕೊಂದು.
ಒಂದು ಈಗಲೂ ನನ್ನ ಬಳೆ ಡಬ್ಬಿಯಲ್ಲಿದೆ,
ನಂಬರು ಸವೆದು ಬರೀ ಒಂದು ಸೊನ್ನೆ ಉಳಿದಿದೆ.
ಮಿಲ್ಲಿನ ಪಾಳಿ ಮುಗಿಸಿ ದೀಪವಿಲ್ಲದೆ ಬಂದರೆ
ಪೇದೆ ಎರಡೂ ಗಾಲಿಯ ಗಾಳಿ ಬಿಡುತ್ತಿದ್ದ.
ಬಾರಿನ ಮೇಲೆ ಕೂತ ನನ್ನನ್ನೂ ಇಳಿಸುತ್ತಿದ್ದ:
"ಡಬಲ್ಸು!"
ಅಪ್ಪ ಬೈಯುತ್ತ ತಳ್ಳಿಕೊಂಡು ನಡೆಯುತ್ತಿದ್ದ
ರಸ್ತೆಯ ನಟ್ಟನಡುವೆ.
ಈಗ ಬಿಲ್ಲೆ ಇಲ್ಲ. ದೀಪ ಕೇಳುವವರಿಲ್ಲ.
ಕೇಳುವವರಿಲ್ಲ ಅನ್ನುವುದನ್ನು
ಎರಡು ಥರ ಓದಬಹುದು. ಓದಿದ್ದೇನೆ.

ಹದಡಿ ರಸ್ತೆಯಲ್ಲಿ ಎಡಕ್ಕೆ ಎಡಕ್ಕೆ ಹೋದರೆ
ಮೊದಲು ಮರಳು, ಆಮೇಲೆ ಎಳನೀರಿನ ಗಾಡಿ,
ಆಮೇಲೆ ಎದುರಿಂದ ಬರುವ ಬೈಕು (ಅವನಿಗೆ ಅರ್ಜೆಂಟು),
ಆಮೇಲೆ ನಿಂತ ಕಾರು, ಒಳಗೆ ಫೋನು ನೋಡುವ ಒಬ್ಬ,
ಅವನ ಕೈ ಬಾಗಿಲ ಹಿಡಿಯ ಮೇಲೆ.
ಆ ಕೈಯನ್ನು ಹಿಂದಿನ ಗಾಜಿನಲ್ಲೇ ಗುರುತಿಸಲು
ಕಲಿಸಿದ್ದು ನನ್ನ ಮೊಣಕಾಲು.
ದೊಡ್ಡಾಸ್ಪತ್ರೆ, ಹನ್ನೊಂದು ಹೊಲಿಗೆ.

ಅಂದಿನಿಂದ ಒಂದು ಬಾಗಿಲಿನಷ್ಟು ಬಿಟ್ಟೇ ತುಳಿಯುತ್ತೇನೆ.
ಬಾಗಿಲು ಅಂದರೆ ಎರಡು ಮೊಳ, ಮೇಲೊಂದು ಗೇಣು.
ಕಾನೂನಿಗೆ ಅದೂ ಎಡವೇ.
ಹಿಂದಿನ ಬಸ್ಸಿಗೆ ಅಲ್ಲ.
ಹಾರ್ನಿಗೆ ಕಿವಿ ಬೆಚ್ಚಬಹುದು, ಬೆನ್ನು ಬೆಚ್ಚಬಹುದು,
ಹ್ಯಾಂಡಲ್ ಬೆಚ್ಚಬಾರದು.
ಹೆದರಿ ಒತ್ತಿಕೊಂಡೆಯೋ,
ಕರೆದಳು ಅಂದುಕೊಂಡು ಅದೇ ಸಂದಿಗೆ ನುಗ್ಗುತ್ತದೆ.

ಬಲಕ್ಕೆ ತಿರುಗುವುದು ಬೇರೆಯೇ ವಿದ್ಯೆ.
ಜಯದೇವ ಸರ್ಕಲ್ಲಿನಲ್ಲಿ ನೆಟ್ಟಗೆ ಕೈ ಚಾಚಿದೆ,
ಕಾಲೇಜು ಹುಡುಗನೊಬ್ಬ ಸ್ಕೂಟರಿನಿಂದ
ಅಂಗೈಗೆ ಅಂಗೈ ತಟ್ಟಿ ಹೋದ.
ನಗು ಬಂತು, ಧೈರ್ಯ ಬರಲಿಲ್ಲ.
ಅಂಥ ದಿನ ಇಳಿದುಬಿಡುತ್ತೇನೆ.
ಇಳಿದರೆ ನಾನು ಪಾದಚಾರಿ,
ನೆರಿಗೆ ಕೊಡವಿಕೊಳ್ಳುವಷ್ಟರಲ್ಲಿ
ನನ್ನ ಕಾನೂನೇ ಬದಲಾಗಿರುತ್ತದೆ.

ಹೋದ ಸೋಮವಾರ ಪಿ.ಬಿ. ರಸ್ತೆಯಲ್ಲಿ
ದಾದಾಪೀರನ ಕ್ಯಾರಿಯರಿನ ಮಂಡಕ್ಕಿ ಚೀಲ
ಗುಂಡಿಗೆ ಕುಕ್ಕಿ ಬಿರಿಯಿತು.
ಅವನಿಗೆ ತಿಳಿಯಲಿಲ್ಲ. ಮಂಡಕ್ಕಿ
ಇದ್ದರೂ ಹೋದರೂ ತೂಕ ಒಂದೇ.
ಸುರಿಯುತ್ತಾ ಹೋಯಿತು ಬಿಳೀ ಗೆರೆ,
ಅಂಚಿನಿಂದ ಎರಡು ಮೊಳ, ಮೇಲೊಂದು ಗೇಣು.
ಹಿಂದೆ ನಾನು. ಕೂಗಬೇಕಿತ್ತು.

ಆದರೆ ಕಾರುಗಳು,
ತಿನ್ನುವುದನ್ನು ತುಳಿಯಬಾರದೆಂದೋ ಏನೋ,
ಗೆರೆಯಾಚೆಗೇ ಸರಿದು ಹೋಗುತ್ತಿದ್ದವು.
ಬಸ್ಸೂ.
ಬೆನ್ನ ಹಿಂದೆ ಯಾರೂ ಇಲ್ಲದ ಹಾಗೆ
ಮೊದಲ ಸಲ ಅಂಗಡಿ ಬೋರ್ಡು ಓದುತ್ತ ಹೋದೆ,
ಎರಡು ಕಾಗುಣಿತದ ತಪ್ಪು ಸಿಕ್ಕವು.
ಸಿಗ್ನಲ್ ಬರುವ ತನಕ ಕೂಗಲಿಲ್ಲ.

ಸಂಜೆ ಭಟ್ಟಿಯ ಹತ್ತಿರ ಹುಡುಕಿಕೊಂಡು ಹೋಗಿ
ಅರ್ಧ ಚೀಲದ ದುಡ್ಡು ಹಿಡಿದು ನಿಂತೆ.
"ನೀವ್ಯಾಕ್ ಕೊಡ್ತೀರಕ್ಕಾ, ನೀವೇನ್ ಮಾಡಿದ್ರಿ?"
ಹೇಳಲಿಲ್ಲ.
ಒಂದು ಸೇರು ಕೊಂಡು ಹ್ಯಾಂಡಲಿಗೆ ತೂಗುಹಾಕಿ
ಹೊರಟೆ, ನಿಂತ ಕಾರುಗಳ ಒಳಗಿನ
ಕೈಗಳನ್ನು ನೋಡುತ್ತ.